ಯಾರೂ ಸವಾಲು ಕೂಗದ ಮನೆ

ಮೊನ್ನೆ ಅಂಚೆ ಕಚೇರಿಯಲ್ಲಿ ಯಾವುದೋ ಗಂಟಿಗೆ ಅರಗು ಹಾಕುತ್ತಿದ್ದರು. ಕರಗಿದ ಅರಗಿನ ಸುಟ್ಟ ವಾಸನೆ ಮೂಗಿಗೆ ಬಡಿದದ್ದೇ ತಡ, ಸಾಲಿನಲ್ಲಿ ನಿಂತಿದ್ದ ನಾನು ನವಲಿಯ ನಮ್ಮ ಮನೆಯ ಕಟ್ಟೆಯ ಮೇಲೆ ಕೂತ ಒಂಬತ್ತು ವರ್ಷದ ಹುಡುಗಿಯಾಗಿಬಿಟ್ಟೆ. ಅವ್ವ ತೀರಿಕೊಂಡ ಮೇಲೆ ಆ ಮನೆಯಲ್ಲಿ ನನ್ನನ್ನು ಸಾಕಿದವಳು ಅಪ್ಪನ ಅಕ್ಕ, ಶರಣಮ್ಮತ್ತಿ. ಅಪ್ಪ ಗಂಗಾವತಿಯ ಅಕ್ಕಿ ಗಿರಣಿಯಲ್ಲಿ ಗುಮಾಸ್ತ, ಭಾನುವಾರಕ್ಕೊಮ್ಮೆ ಬರುತ್ತಿದ್ದ. ಉಳಿದ ಆರು ದಿನ ಮನೆ ನಮ್ಮಿಬ್ಬರದೇ. ಮುಂಜಾನೆ ಸಗಣಿ ಸಾರಿಸಿದ ನೆಲದ ತಂಪು, ಮಧ್ಯಾಹ್ನ ಬೆಳಕಿಂಡಿಯಿಂದ ಪಡಸಾಲೆಗೆ ಬೀಳುತ್ತಿದ್ದ ಒಂದು ತುಂಡು ಬಿಸಿಲು, ಅದರ ಪಕ್ಕದಲ್ಲಿ ಕಾಲು ಚಾಚಿ ಶಾವಿಗೆ ಹೊಸೆಯುತ್ತಿದ್ದ ಅತ್ತಿ. ಮದುವೆಯಾದ ವರ್ಷವೇ ಗಂಡನನ್ನು ಕಳಕೊಂಡು ತವರಿಗೆ ಬಂದವಳಿಗೆ ಆ ಮನೆ ಬಿಟ್ಟರೆ ಈ ಭೂಮಿಯ ಮೇಲೆ ಇನ್ನೊಂದು ಜಾಗವಿರಲಿಲ್ಲ.

ಅಂಥ ಮನೆಗೇ ಜಪ್ತಿ ಬಂತು. ಹನಿ ಸಾರಾಯಿ ಮುಟ್ಟದ ನಮ್ಮಜ್ಜ ಗೆಳೆಯನೊಬ್ಬನ ಸಾರಾಯಿ ಗುತ್ತಿಗೆಗೆ ಜಾಮೀನು ನಿಂತಿದ್ದನಂತೆ, ಪುಣ್ಯಾತ್ಮ! ಗೆಳೆಯನೂ ಹೋದ, ಅಜ್ಜನೂ ಹೋದ. ಸರ್ಕಾರದ ಬಾಕಿ ಮಾತ್ರ ಗುಂಡುಕಲ್ಲಿನ ಹಾಗೆ ಕೂತಿತ್ತು. ಮನೆ ಹರಾಜೆಂದು ಡಂಗುರ ಸಾರಿದ ದಿನ ಅತ್ತಿ ಒಲೆ ಹಚ್ಚಲಿಲ್ಲ. ಸಂಜೆ ಪಕ್ಕದ ಮನೆಯ ಬಸಣ್ಣೆಪ್ಪ ಬಂದ. ಭತ್ತದಲ್ಲಿ ನಾಲ್ಕು ಕಾಸು ಕಂಡವನು, ಮಾತು ಜೋರು.

"ಅಳಬ್ಯಾಡ ತಂಗಿ. ಹೆಣ್ಣಮಗಳ ಹೊಸ್ತಿಲ ಮ್ಯಾಲ ಸವಾಲ್ ಕೂಗೋವಂಥ ನೀಚರು ಈ ಊರಾಗಿಲ್ಲ. ಮನಿ ಮನಿಗೆ ಹೇಳಿ ಬಂದೀನಿ."

ನೆರೆಯವರ ಜಪ್ತಿ ಮಾಲು ಕೊಂಡವನ ಮನೆಯಲ್ಲಿ ನೀರು ಕುಡಿಯಬಾರದೆಂಬುದು ಊರಿನ ಹಳೆಯ ನೇಮ. ಅತ್ತಿ ಕಣ್ಣೊರೆಸಿಕೊಂಡು ಚಹಾಕ್ಕಿಟ್ಟಳು.

ಹರಾಜಿನ ದಿನ ಊರೆಲ್ಲ ನಮ್ಮ ಬೇವಿನ ಗಿಡದ ಕೆಳಗೆ ಸೇರಿತ್ತು. ಮನೆ ನೋಡಲು ಶ್ರೀರಾಮನಗರದಿಂದ ಬಂದಿದ್ದ ಇಬ್ಬರಿಗೆ ಬಸಣ್ಣೆಪ್ಪನೇ ಮಜ್ಜಿಗೆ ಕುಡಿಸಿ, ಹೆಗಲ ಮೇಲೆ ಕೈ ಹಾಕಿ ವಾಪಸು ಕಳಿಸಿದ. ಹರಾಜು ನಡೆಸಲು ಬಂದಿದ್ದ ಕಂದಾಯದ ಸಾಹೇಬರು ಸವಾಲು ಕೇಳಿ ಮೂರು ಸಲ ಕೂಗಿದರು. ಒಬ್ಬನೂ ಬಾಯಿ ಬಿಡಲಿಲ್ಲ. ಗೆದ್ದೆವೆಂದು ನಾನು ಚಪ್ಪಾಳೆ ತಟ್ಟಿದೆ, ಊರವರೂ ನಕ್ಕರು. ಸಾಹೇಬರು ನಗಲಿಲ್ಲ. "ಯಾರೂ ಕೂಗಲಿಲ್ಲ ಅಂದ್ರ ಸರ್ಕಾರಾನ ಒಂದು ರೂಪಾಯಿಗೆ ತಗೋತೈತ್ರಿ. ಕಾಯ್ದೆ ಐತಿ," ಎಂದು ಮೆಲ್ಲಗೆ ಹೇಳಿ ಕಾಗದ ಮಡಿಚಿದರು. ತಿಂಗಳು ಕಳೆದು ಹುಕುಂ ಬಂತು. ಪಾತ್ರೆ, ಹಾಸಿಗೆ ಹೊರಗಿಟ್ಟುಕೊಂಡೆವು. ಬೀಗದ ಮೇಲೆ ಅರಗು ಬಿತ್ತು.

ಬಸಣ್ಣೆಪ್ಪ ತಲೆಯ ರುಮಾಲು ಕೈಯಲ್ಲಿ ಹಿಡಿದು ನಿಂತಿದ್ದ. "ರೊಕ್ಕ ನನ್ನ ಹತ್ರ ಇತ್ತು ತಂಗಿ. ನಾ ಕೂಗಿದ್ದರ ನೀ ಇಲ್ಲೇ ಇರ್ತಿದ್ದಿ."

"ನೀವು ಕೂಗಿದ್ದರ ಜನ್ಮದಾಗ ನಿಮ್ಮ ಮಾರಿ ನೋಡ್ತಿದ್ದಿಲ್ಲ ಅಣ್ಣಾರ," ಎಂದಳು ಅತ್ತಿ.

ಗಿರಣಿಯ ಹಿಂದಿನ ಅಪ್ಪನ ಒಂದೇ ಕೋಣೆಯಲ್ಲಿ ಅತ್ತಿ ಆರು ವರ್ಷ ಬದುಕಿದಳು. ಅಲ್ಲಿ ಅಂಗಳವಿರಲಿಲ್ಲ, ಕರೆದು ಮಾತಾಡಿಸುವವರಿರಲಿಲ್ಲ. ಹೊತ್ತು ಇಳಿದರೆ ಸಾಕು, "ಮನಿಗೆ ಹೋಗೂನೇನ?" ಎಂದು ಅಪ್ಪನನ್ನು ಕೇಳುತ್ತಿದ್ದಳು. ಈಗ ಅವರಿಬ್ಬರೂ ಇಲ್ಲ. ನಿಮಗೂ ಅಂಥದೊಂದು ಮನೆ ಇದ್ದರೆ ನಿಮಗೆ ಗೊತ್ತಿರುತ್ತದೆ: ಅಡುಗೆಮನೆಯ ಕದ ಹೇಗೆ ಕಿರುಗುಡುತ್ತಿತ್ತೆಂದು ಹೇಳಿದರೆ, ಹೌದು ಎನ್ನುವ ಒಂದು ಜೀವವೂ ಉಳಿಯದಿದ್ದಾಗ ಎಷ್ಟು ಒಂಟಿ ಅನ್ನಿಸುತ್ತದೆಂದು.

ಹೋದ ವರ್ಷ ನವಲಿಗೆ ಹೋಗಿದ್ದೆ. ಮಾಳಿಗೆ ಕುಸಿದಿದೆ, ಒಳಗೆಲ್ಲ ಜಾಲಿ. ಸರ್ಕಾರ ಅದನ್ನು ಯಾತಕ್ಕೂ ಬಳಸಿಲ್ಲ. ಬಸಣ್ಣೆಪ್ಪನ ಸೊಸೆ ನನ್ನ ಗುರುತು ಹಿಡಿದು ಹೊರಗೆ ಬಂದಳು. "ನಮ್ಮ ಮಾವಾರು ಸಾಯೋ ಮುಂದ ಹೇಳಿ ಹೋಗ್ಯಾರ್ರಿ ಅಕ್ಕಾರ. ಇವತ್ತಿಗೂ ನಿಮ್ಮ ಅತ್ತಿಯವರ ಮನಿದು ಒಂದು ಕಲ್ಲ ಸೈತ ಯಾರೂ ಮುಟ್ಟಿಲ್ಲ ನೋಡ್ರಿ," ಎಂದಳು. ಅವಳ ಮುಖದಲ್ಲಿ ಎಂಥ ಅಭಿಮಾನ!

"ಭಾಳ ಛಲೋ ಮಾಡೀರವ್ವಾ," ಎಂದೆ. ಬಸ್ಸು ಬರುವತನಕ ಅಳು ತಡಕೊಂಡೆ.