ಹೆಸರಿನ ಮುಂದಿನ ಜಾಗ

ಧಾರವಾಡದಲ್ಲಿ ಫಲಿತಾಂಶ ಬಂದ ಮರುದಿನ ಪರೀಕ್ಷೆಯಲ್ಲಿ ಬಿದ್ದ ಹುಡುಗರೆಲ್ಲ ಮೊದಲು ಬರುತ್ತಿದ್ದುದು ವಕೀಲರ ಕಾರಕೂನ ಯಜ್ಞೇಶ್ವರರಾಯರ ಮನೆಯ ಕಟ್ಟೆಗೆ. ವಿಶ್ವವಿದ್ಯಾಲಯ ತನ್ನ ಉತ್ತರಪತ್ರಿಕೆಯನ್ನು ಮತ್ತೆ ತಪಾಸಿಸಬೇಕೆಂದು ಯಾರಾದರೂ ಅಂದರೆ ಸಾಕು, ರಾಯರಿಗೆ ಎಲ್ಲಿಲ್ಲದ ಹುರುಪು. “ಮೊದಲ ಅರ್ಜಿ ಹಾಕ್ರಿ, ಸುಮ್ಮನಿದ್ರ ನೋಟೀಸ ಕೊಡ್ರಿ, ಅದಕ್ಕೂ ಬಗ್ಗದಿದ್ರ ಹೈಕೋರ್ಟಿಗೆ ಎಳೀರಿ! ಸರಕಾರ ಇಂಗ್ರೇಜರದಿರಬಹುದು, ಕಾಯದೆ ನಮ್ಮದೂ ಅದ!” ಎನ್ನುವಷ್ಟರಲ್ಲಿ ಅವರ ಟೊಪ್ಪಿಗೆ ಕಿವಿಯ ಮೇಲೆ ಜಾರಿರುತ್ತಿತ್ತು. ಆ ಮನೆಯಲ್ಲಿ ‘ನಪಾಸು’ ಎಂಬ ಶಬ್ದವನ್ನು ಯಾರೂ ಆಡುವಂತಿರಲಿಲ್ಲ. “ಇನ್ನೂ ತಪಾಸಣ್ಯಾಗ ಅದ” ಎನ್ನಬೇಕು. ಹೆಂಡತಿ ಗೋದಾಬಾಯಿ ಬೇಯದ ಬೇಳೆಗೂ ಹಾಗೆಯೇ ಹೇಳುತ್ತಿದ್ದರು. ಬಾಗಿಲ ಫಲಕದಲ್ಲಿ ರಾಯರು ಹೆಸರನ್ನು ಎಡಕ್ಕೆ ಒತ್ತಿ ಬರೆಸಿ, ಮುಂದೆ ಬಿ.ಎ. ಎಂದು ಸೇರಿಸಲು ಜಾಗ ಬಿಟ್ಟಿದ್ದರು. ರಾಯರ ಬಿ.ಎ. ಉತ್ತರಪತ್ರಿಕೆಯನ್ನು ಮತ್ತೆ ನೋಡಿ ತಿಳಿಸುತ್ತೇವೆಂದ ವಿಶ್ವವಿದ್ಯಾಲಯದವರು, ಅಂದಿನ ಕರಿಮೀಸೆ ಬೆಳ್ಳಗಾದರೂ ತಿಳಿಸಿರಲಿಲ್ಲ. ಪ್ರತಿ ದಸರೆಗೆ ಫಲಕಕ್ಕೆ ಹೊಸ ಬಣ್ಣ ಬರುತ್ತಿತ್ತು, ಜಾಗ ಮಾತ್ರ ಹಾಗೆಯೇ ಉಳಿಯುತ್ತಿತ್ತು. ಒಂದು ಸಂಜೆ, ಅರ್ಜಿ ಬರೆಸಿಕೊಳ್ಳಲು ಬಂದ ವಿದ್ಯಾರ್ಥಿನಿ ಸುಲಭಾ ಕೇಳಿಯೇಬಿಟ್ಟಳು: “ಮತ್ತ ನೀವ್ಯಾಕ ಕೋರ್ಟಿಗೆ ಹೋಗ್ಲಿಲ್ರಿ, ಕಾಕಾ?” ರಾಯರು ಎದ್ದು ಹೋಗಿ, ಹೆಗಲ ಮೇಲಿನ ಉಪರಣೆಯ ತುದಿಯಿಂದ ಫಲಕದ ಆ ಖಾಲಿ ಜಾಗವನ್ನು ಮೆಲ್ಲಗೆ ಒರೆಸಿದರು. “ಅವರು ಖರೇನ ಉತ್ತರಾ ಕೊಟ್ಟುಬಿಟ್ರ ಏನ್ ಮಾಡ್ಲಿ, ತಂಗಿ?”