ಅತ್ತೆಯ ಕಾಲಿಗೆ ನಾನು ಬಡಿದ ಮೊಳೆ

ನನಗೂ ನನ್ನ ಅತ್ತೆಗೂ ಮೊದಲಿಂದಲೂ ಸರಿ ಬರುತ್ತಿರಲಿಲ್ಲ. ಅವರು ದೇವದುರ್ಗದವರು, ನಾನು ಮಾನ್ವಿಯವಳು. ಇಬ್ಬರಿಗೂ ಸಿಟ್ಟು ಮೂಗಿನ ತುದಿಯಲ್ಲೇ. ಗಂಡನಿಗೆ ರಾಯಚೂರಿನಲ್ಲಿ ನೌಕರಿ ಇದ್ದದ್ದರಿಂದ ನಮ್ಮಿಬ್ಬರ ನಡುವೆ ಒಂದು ಬಸ್ಸಿನ ದಾರಿಯಷ್ಟು ಅಂತರವಿತ್ತು, ಅದೇ ಪುಣ್ಯ. ಆಗಾಗ ಒಂದು ಗಂಟು ಜೋಳದ ಹಿಟ್ಟು, ಒಂದು ಗಂಟು ಬೈಗುಳ ಹೊತ್ತುಕೊಂಡು ಬರುತ್ತಿದ್ದರು. ನಾನು ಮಾಡಿದ ರೊಟ್ಟಿಯನ್ನು ಬೆಳಕಿಗೆ ಹಿಡಿದು ನೋಡಿ, "ನಿಮ್ಮ ಮಾನ್ವ್ಯಾಗ ರೊಟ್ಟಿ ಕಾಲಿಲೆ ಬಡೀತಾರೇನ ಬೇ?" ಎಂದು ಕೇಳಿದ್ದರು. "ಹೌದ್ರಿ ಅತ್ತಿ, ಕೈ ಬ್ಯಾರೆ ಕೆಲ್ಸಕ್ಕ ಇಟ್ಕೊಂಡಿರ್ತೀವಿ" ಎಂದು ನಾನೂ ಬಿಟ್ಟಿರಲಿಲ್ಲ.

ಎಪ್ಪತ್ತರ ದಶಕದ ಕೊನೆಯ ಮಾತು. ಹಾಗೆ ಬಂದಾಗೊಮ್ಮೆ ರಾಯಚೂರಿನಲ್ಲಿ ಬಸ್ ಇಳಿಯುವಾಗ ಅತ್ತೆಯ ಬಲಗಾಲು ಹೊರಳಿತು. ಸಂಜೆಯೊಳಗೆ ಪಾದ ಕುಂಬಳಕಾಯಿಯಾಯಿತು. ಆ ಕಾಲಲ್ಲಿ ಹೆಬ್ಬೆರಳು ಗಾತ್ರದ ಬೆಳ್ಳಿಯ ಕಡಗ. ಮದುವೆಯಲ್ಲಿ ಅವರ ಅತ್ತೆ ಎರಡೂ ಕಾಲಿಗೆ ತೊಡಿಸಿದ್ದು. ಆಗ ಇವರಿನ್ನೂ ಸಣ್ಣ ಹುಡುಗಿ, ಪಾದ ಸಲೀಸಾಗಿ ತೂರಿತ್ತು. ಆಮೇಲೆ ಕಾಲು ಬೆಳೆಯಿತು, ಕಡಗ ಬೆಳೆಯಲಿಲ್ಲ. ಈಗ ಊದಿದ ಮಾಂಸ ಕಡಗದ ಮೇಲೆ ಉಕ್ಕಿ ಬಂದಿತ್ತು. ಡಾಕ್ಟರು ನೋಡಿದವರೇ, "ಇದನ್ನ ಇವತ್ತೇ ಕೊಯ್ಸಿ ತಗೀರಿ, ಇಲ್ಲಾಂದ್ರ ಕಾಲು ಹೋಗ್ತದ" ಎಂದರು.

ಅತ್ತೆ ಡಾಕ್ಟರ ಮೇಲೇ ಏರಿಹೋದರು. "ನನ್ನ ಗಂಡ ಗಟ್ಟಿಮುಟ್ಟಾಗಿ ಇದ್ದಾನ್ರೀ! ಒಂದು ಕಾಲು ಬರೀದು ಮಾಡ್ಕೊಂಡು ಊರಾಗ ಹ್ಯಾಂಗ ಹೋಗ್ಲಿ? ನೋಡಿದವ್ರು ಏನಂತಾರ?"

ಅವರ ಮನೆತನದಲ್ಲಿ ಕಾಲಿನ ಕಡಗ ತೆಗೆಸುವುದು ಗಂಡ ಸತ್ತ ಮೇಲೆ. ಅದು ನನಗೂ ಗೊತ್ತಿತ್ತು. ಆದರೆ ಆ ಪಾದದ ಬಣ್ಣ ನೋಡಿ ನನಗೆ ಹೆದರಿಕೆಯಾಗಿತ್ತು, ಹೆದರಿಕೆಯಾದರೆ ನನ್ನ ಬಾಯಿ ಇನ್ನೂ ಜೋರಾಗುತ್ತದೆ.

"ಕಾಲೇ ಹೋದ್ರ ಕಡಗ ಎಲ್ಲಿಗೆ ಹಾಕ್ಕೋತೀರಿ ಅತ್ತಿ, ಕೊರಳಿಗೇನು?" ಎಂದೆ.

ಅವರು ನನ್ನನ್ನು ಸುಡುವಂತೆ ನೋಡಿದರು. ಆಮೇಲೆ ಸಣ್ಣ ದನಿಯಲ್ಲಿ, "ಕೊಯ್ಸಿರಿ. ಆದ್ರ ತಿರುಗಿ ನನ್ನ ಕಾಲಿಗೇ ಕೂಡ್ಸಬೇಕು. ಅಲ್ಲೀತನ ನಾ ದೇವದುರ್ಗದ ಬಸ್ ಹತ್ತಂಗಿಲ್ಲ" ಎಂದರು. ಆಗಿನಿಂದ ಕಡಗದ ಚಿಂತೆ ಅವರಿಗಿಂತ ನನಗೇ ಹೆಚ್ಚಾಯಿತು.

ನಮ್ಮ ಓಣಿಯಲ್ಲಿ ಬೆಳ್ಳಿ-ಬಂಗಾರದ ಕೆಲಸ ಮಾಡುವ ಪತ್ತಾರ ಸಣ್ಣ ಗರಗಸ ತಂದು ಕಡಗವನ್ನು ಎರಡು ಕಡೆ ಕೊಯ್ದು ಎರಡು ತುಂಡು ಮಾಡಿ ತೆಗೆದ. ಊತ ಇಳಿಯಿತು, ಅತ್ತೆ ಇಳಿಯಲಿಲ್ಲ. ಗೋಡೆಗೆ ಒರಗಿ ಕೂತು ನನ್ನ ಸಾರಿನ ಉಪ್ಪಿನಿಂದ ಹಿಡಿದು ನಾನು ಕಸ ಗುಡಿಸುವ ದಿಕ್ಕಿನವರೆಗೆ ಎಲ್ಲ ತಿದ್ದಿದರು. ಕಡಗವನ್ನು ತಿರುಗಿ ಕಾಲಿಗೆ ಕೂಡಿಸಲು ಪತ್ತಾರನನ್ನು ಕೇಳಿದರೆ ಅವನು ಕೈಚೆಲ್ಲಿದ. "ಬೆಸುಗಿ ಅಂದ್ರ ಬೆಂಕಿ ಯವ್ವಾ. ಹೊರಗ ಬೆಸದ್ರ ಕಡಗ ಕಾಲಿಗೆ ಹೋಗಂಗಿಲ್ಲ. ಕಾಲ ಮ್ಯಾಲ ಬೆಸದ್ರ ಕಾಲು ಉಳಿಯಂಗಿಲ್ಲ. ಕರಗಿಸಿ ದೊಡ್ಡದು ಮಾಡ್ಕೊಡ್ಲೇನು?" ಕರಗಿಸುವ ಮಾತಿಗೆ ಅತ್ತೆ ಅವನ ಇಡೀ ವಂಶಕ್ಕೆ ಮಂಗಳಾರತಿ ಎತ್ತಿದರು.

ಒಂದು ರಜೆಯ ದಿನ ಮಧ್ಯಾಹ್ನ ಸೀರೆ ಮಡಿಚಿಡುವಾಗ ನನ್ನ ಮದುವೆಯ ಟ್ರಂಕಿನ ಮೂಲೆ ಕಣ್ಣಿಗೆ ಬಿತ್ತು. ತಗಡಿಗೆ ತಗಡು ಕೂಡಿದ್ದು ಬರೀ ರಿವೆಟ್ಟಿನಿಂದ. ತೂತಿಗೆ ಮೊಳೆ ತೂರಿಸಿ, ಎರಡೂ ತುದಿ ಬಡಿದು ಅಗಲ ಮಾಡಿದರೆ ಮುಗಿಯಿತು. ಬೆಂಕಿಯ ಹೆಸರೇ ಇಲ್ಲ! ಅತ್ತೆಯನ್ನು ರಿಕ್ಷಾಕ್ಕೆ ಹತ್ತಿಸಿ, ಮಲಗಿದ್ದ ಗಂಡನನ್ನು ಎಬ್ಬಿಸಿಕೊಂಡು ತೀನ್ ಕಂದೀಲ್ ಚೌಕದ ಹತ್ತಿರದ ಟ್ರಂಕಿನಂಗಡಿಗೆ ನಡೆದೆ.

ಅಂಗಡಿಯ ಮುದುಕರಿಗೆ ಎಲ್ಲರೂ ಚಾಚಾ ಅನ್ನುತ್ತಿದ್ದರು. ಅವರು ಕಡಗದ ತುಂಡುಗಳ ತುದಿಗಳನ್ನು ಅರದಿಂದ ಅರ್ಧರ್ಧ ದಪ್ಪಕ್ಕೆ ತಿಕ್ಕಿ, ಒಂದರ ಮೇಲೊಂದು ಕೂರುವಂತೆ ಮಾಡಿ ತೂತು ಕೊರೆದರು. ದಪ್ಪ ಬೆಳ್ಳಿ ತಂತಿಯ ಚೂರಿನಿಂದ ಒಂದು ಕಡೆ ರಿವೆಟ್ಟು ಬಡಿದರು. ಕಡಗ ಈಗ ಅಡಕತ್ತರಿಯ ಹಾಗೆ ತೆರೆದುಕೊಂಡಿತು. ಉಳಿದ ಇನ್ನೊಂದನ್ನು ಕಾಲಿಗೆ ಹಾಕಿದ ಮೇಲೇ ಬಡಿಯಬೇಕು. ನಾನು ಅತ್ತೆಯನ್ನು ಟ್ರಂಕಿನ ಮೇಲೆ ಕೂರಿಸಿ, ಕಾಲಿಗೆ ಒದ್ದೆ ಬಟ್ಟೆ ಸುತ್ತಿ ಕಡಗ ತೊಡಿಸಿದೆ. ಕಡಗದ ಅಂಚನ್ನು ಕಬ್ಬಿಣದ ಗಟ್ಟಿಯ ಮೇಲಿಡುವಂತೆ ಹೇಳಿ ಚಾಚಾ ಹಿಂದೆ ಸರಿದು ನಿಂತುಬಿಟ್ಟರು.

"ಪರಾಯಿ ಮನಿ ಹೆಣ್ಮಗಳ ಕಾಲು ನಾ ಹ್ಯಾಂಗ ಹಿಡೀಲಿ ಯವ್ವಾ? ನಿಮ್ಮವ್ರೇ ಯಾರರ ಬಡೀರಿ, ನಾ ಹೇಳ್ಕೊಡ್ತೀನಿ."

ನನ್ನ ಗಂಡ ಸುತ್ತಿಗೆ ನೋಡಿದರು, ಅವ್ವನ ಮುಖ ನೋಡಿದರು. "ನಾ ಚಾ ಹೇಳಿ ಬರ್ತೀನಿ" ಎಂದು ಹೋದವರು ಕೆಲಸ ಮುಗಿಯುವವರೆಗೆ ಪತ್ತೆಯಿಲ್ಲ.

ಸುತ್ತಿಗೆ ನನ್ನ ಕೈಗೆ ಬಂತು. ಸೊಸೆಯ ಕೈಯಲ್ಲಿ ಸುತ್ತಿಗೆ, ಅತ್ತೆಯ ಕಾಲು ಕಬ್ಬಿಣದ ಮೇಲೆ. ಬಜಾರಿಗೆ ಇನ್ನೇನು ಬೇಕು? ಕೊಳ್ಳುವವರು, ಮಾರುವವರು ಎಲ್ಲ ಸುತ್ತುಗಟ್ಟಿದರು. ಪೇರಲಹಣ್ಣು ಮಾರುವಾಕೆ ಬುಟ್ಟಿ ಇಳಿಸಿ, "ಬಾಯಿಗೂ ಒಂದು ಬಡದುಬಿಡ ತಂಗಿ, ಮನಿ ತಣ್ಣಗಿರ್ತದ!" ಎಂದಳು. ಅತ್ತೆ ಕೂತಲ್ಲಿಂದಲೇ, "ಯಾರ ಬಾಯಿಗೆ ಅನ್ನೋದು ನೋಡ್ಕೊಂಡು ಹೇಳವ್ವ!" ಎಂದರು.

ನನಗೆ ನಗುವ ಧೈರ್ಯ ಬರಲಿಲ್ಲ. ಒಂದೇಟು ತಪ್ಪಿದರೆ ಮೂಳೆ ಪುಡಿ. ಮೊದಲ ಏಟಿಗೇ ಮೊಳೆ ಡೊಂಕಾಯಿತು. ಚಾಚಾ ಬೇರೆ ಮೊಳೆ ಕೊಟ್ಟರು. "ಜೋರ್ ಬ್ಯಾಡ ಬೇಟಿ. ಆಹಿಸ್ತಾ, ಆಹಿಸ್ತಾ. ಮೆಲ್ಲಕ ಸುತ್ತ ಬಡೀರಿ, ತಲಿ ತಾನ ಅರಳ್ತದ." ನಾನು ಸುತ್ತಿಗೆ ಎತ್ತಿ ಮತ್ತೆ ಇಳಿಸಿದ್ದನ್ನು ಅತ್ತೆ ನೋಡಿದರು. ಬೈಯುತ್ತಾರೆ ಅಂದುಕೊಂಡೆ. ನನ್ನ ಹೆಗಲ ಮೇಲೆ ಕೈಯಿಟ್ಟು, "ಬಡಿ ಬೇ. ನಾ ಅಲಗಾಡಂಗಿಲ್ಲ" ಎಂದರು.

ನಿಜವಾಗಿಯೂ ಅಲುಗಾಡಲಿಲ್ಲ. ಕಣ್ಣನ್ನೂ ಮುಚ್ಚಲಿಲ್ಲ. ಬಡಿಯುತ್ತ ಬಡಿಯುತ್ತ ಮೊಳೆಯ ತಲೆ ಅಗಲವಾಗಿ ಬೆಳ್ಳಿಗೆ ಹತ್ತಿಕೊಂಡಿತು. ಚಾಚಾ ಕಡಗ ಎಳೆದು ನೋಡಲು ಹೇಳಿದರು. ಎಳೆದೆ, ಮಿಸುಕಲಿಲ್ಲ. ಖುಷಿಗೆ ನನಗೆ ಕುಣಿಯುವಂತಾಗಿತ್ತು. ಅತ್ತೆ ಎದ್ದು ಎರಡು ಹೆಜ್ಜೆ ಹಾಕಿ, ಬಗ್ಗಿ ನೋಡಿ, "ತಲಿ ಸ್ವಲ್ಪ ಸೊಟ್ಟ ಆಗೇದ" ಎಂದರು. ಮರುದಿನ ಬಸ್ ಹತ್ತಿದರು.

ಅವರು ಊರಲ್ಲಿ ಸಿಕ್ಕಸಿಕ್ಕವರಿಗೆಲ್ಲ ನಿರಿಗೆ ಎತ್ತಿ ಕಾಲು ತೋರಿಸಿ, "ಪತ್ತಾರಗ ಆಗ್ಲಿಲ್ಲ, ನನ್ನ ಸೊಸಿ ಬಡದಾಳ" ಎನ್ನುತ್ತಿದ್ದರೆಂದು ಗಂಡನ ಬಾಯಿಂದ ಗೊತ್ತಾಯಿತು. ನನ್ನೆದುರು ಮಾತ್ರ ಆ ಸೊಟ್ಟ ತಲೆಯ ಮಾತು ಬಿಡಲಿಲ್ಲ. ನಮ್ಮ ಜಗಳಗಳೂ ಹಾಗೇ ಮುಂದುವರಿದವು, ಸುಳ್ಳು ಯಾಕೆ ಹೇಳಲಿ.

ಎಂಬತ್ತರ ದಶಕದಲ್ಲಿ ಮಾವ ತೀರಿಕೊಂಡರು. ಅತ್ತೆ ತಾವೇ ಬಳೆ ತೆಗೆದಿಟ್ಟರು. ದೇವದುರ್ಗದ ಪತ್ತಾರ ಗರಗಸ ಹಿಡಿದು ಬಂದ. ಎಡಗಾಲು ಚಾಚಿದರು, ಕೊಯ್ದು ತೆಗೆದ. ಬಲಗಾಲಿಗೆ ಅವನು ಕೈ ಹಾಕಿದಾಗ ಸರ್ರನೆ ಸೀರೆಯೊಳಗೆ ಎಳೆದುಕೊಂಡರು.

"ಇದನ್ನ ಮುಟ್ಟಬ್ಯಾಡ."

ಸುತ್ತ ಕೂತ ಮುದುಕಿಯರು ಗಾಬರಿಯಾದರು. "ಹಂಗ ಬರಂಗಿಲ್ಲ ಯವ್ವಾ, ಒಂದು ಕಾಲಿಗೆ ಇಟ್ಕೊಂಡ್ರ ನೋಡಿದವ್ರು ಏನಂತಾರ?"

"ಅನ್ನಲಿ. ಆ ಕಾಲಿಂದು ಅವ್ರ ಹೆಸರಿಂದು, ಅವ್ರ ಜೋಡಿ ಹೋತು" ಎಂದರು ಅತ್ತೆ. ಬಾಗಿಲಲ್ಲಿ ನಿಂತ ನನ್ನ ಕಡೆ ಕೈ ತೋರಿಸಿದರು. "ಇದು ಇಕಿ ಬಡದದ್ದು. ಇಕಿ ಇನ್ನಾ ಗಟ್ಟಿಮುಟ್ಟಾಗಿ ಇದ್ದಾಳ."