ಮರ್ಲ್ ಸ್ಟಕಿಯ ಬಲಮಂಡಿ

ಎಲ್ಡರ್ಟನ್ ಕಾಲೇಜಿನ ಆಟದ ಸಾಮಾನಿನ ಕೋಣೆಯನ್ನು ಮೂವತ್ತೆಂಟು ವರ್ಷ ನೋಡಿಕೊಂಡ ಮರ್ಲ್ ಸ್ಟಕಿಯ ಮಂಡಿಗಳು ಕೊನೆಯವರೆಗೂ ಗಟ್ಟಿಯಾಗಿದ್ದವು. ಅರವತ್ತು ದಾಟಿದ ಮೇಲೂ ಕುಕ್ಕರುಗಾಲಿನಲ್ಲಿ ಕೂತು ಬೂಟುಗಳ ಕೆಸರು ಕೆರೆಯುತ್ತಿದ್ದ. "ಏನ್ ಕಾಲು ಮಾರಾಯಾ ನಿಂದು!" ಎಂದು ಯಾರಾದರೂ ಮೆಚ್ಚಿದರೆ ಮುಖ ಚಿಕ್ಕದು ಮಾಡಿಕೊಂಡು ಒಳಗೆ ಹೋಗಿಬಿಡುತ್ತಿದ್ದ. ಸಂಕೋಚದ ಮನುಷ್ಯ ಎಂದು ಒಹಾಯೊದ ಆ ಪುಟ್ಟ ಊರು ತಿಳಿದಿತ್ತು. ಊರಿಗೆ ಗೊತ್ತಿಲ್ಲದ್ದು ಎಷ್ಟೋ ಇರುತ್ತದೆ.

ಎರಡನೇ ಮಹಾಯುದ್ಧ ನಡೆಯುತ್ತಿದ್ದ ನಲವತ್ತಮೂರನೇ ಇಸವಿಯ ಜನವರಿಯಲ್ಲಿ, ಇಪ್ಪತ್ತರ ಮರ್ಲ್ ಸೈನ್ಯಕ್ಕೆ ಆಳು ಆರಿಸುವ ಮಂಡಳಿಯ ಮುಂದೆ ಚಡ್ಡಿಯಲ್ಲಿ ನಿಂತಿದ್ದ. ಹಿಂದಿನ ಶರತ್ಕಾಲದ ಫುಟ್‌ಬಾಲ್ ಪಂದ್ಯದಲ್ಲಿ ಉಳುಕಿದ್ದ ಬಲಮಂಡಿ ಕ್ರಿಸ್ಮಸ್ಸಿನ ಹೊತ್ತಿಗೇ ವಾಸಿಯಾಗಿತ್ತು. ಡಾಕ್ಟರ್ ಪ್ರೂಯಿಟ್ "ಕುಕ್ಕರು ಕೂತ್ಕೋ" ಎಂದಾಗ ಅವನು ಅರ್ಧಕ್ಕೇ ನಿಂತು "ಅಮ್ಮಾ!" ಎಂದ. ಹೆದರಿದ್ದ, ಅಷ್ಟೇ, ಅದಕ್ಕೆ ಬೇರೆ ಚೆಂದದ ಹೆಸರು ಕೊಡುವುದು ಬೇಡ. ಸೇವೆಗೆ ಅನರ್ಹ ಎಂಬ ಚೀಟಿ ಕೈಗೆ ಬಂತು.

ಆ ಸಂಜೆ ಹಗುರಾದ ಖುಷಿಯಲ್ಲಿ ಗೆಳೆಯ ವೆಂಡೆಲ್ ಕೋಲ್ಬ್‌ನ ಮನೆಯ ಬೇಲಿಯನ್ನು ಒಂದೇ ನೆಗೆತಕ್ಕೆ ಹಾರಿದ. ವೆಂಡೆಲ್ ಹಿಮ ಗೋರುತ್ತಿದ್ದವನು ಸಲಿಕೆ ಊರಿ ನಿಂತ. ಬೆಳಿಗ್ಗೆ ಮಂಡಳಿಯ ಸಾಲಿನಲ್ಲಿ ಮರ್ಲ್‌ನ ಹಿಂದೆಯೇ ನಿಂತಿದ್ದ ಅವನು ಮುಂದಿನ ವಾರ ದಂಡಿಗೆ ಹೊರಡುವವನು.

"ಏನಲೇ, ಡಾಕ್ಟ್ರ ಮುಂದೆ ಅಮ್ಮಾ ಅಂದೋನು ಬೇಲಿ ಹಾರ್ತೀಯಾ?"

"ಯಾರ್ಗೂ ಹೇಳ್ಬೇಡ ಕಣೋ."

"ನಾನ್ಯಾಕ್ ಹೇಳ್ಲಿ? ನೀನೇ ಹೇಳ್ತೀಯ ಬಿಡು, ಹೊಟ್ಟೇಲಿ ಇಟ್ಕೊಳ್ಳೋಕಾಗ್ದೇ ಹೋದಾಗ," ಎಂದು ವೆಂಡೆಲ್ ನಕ್ಕ.

ಸೆಪ್ಟೆಂಬರ್ ಬಂದಾಗ ಕಾಲೇಜಿನಲ್ಲಿ ಅಮೆರಿಕದ ಫುಟ್‌ಬಾಲಿನಂತೆ ಚೆಂಡು ಅವುಚಿಕೊಂಡು ಓಡಬಲ್ಲವರು ಹದಿನಾಲ್ಕೇ ಜನ. ಒಬ್ಬನಿಗೆ ಕಿವಿ ಕೇಳದು, ಇಬ್ಬರಿಗೆ ಕನ್ನಡಕವಿಲ್ಲದಿದ್ದರೆ ಗೋಡೆಯೂ ಕಾಣದು. ನಿವೃತ್ತನಾಗಿ ಕೋಳಿ ಸಾಕಿಕೊಂಡಿದ್ದ ಮುದಿ ಕೋಚ್ ಗಾಂಟ್ಸ್ ಮತ್ತೆ ಮೈದಾನಕ್ಕೆ ಬಂದ. "ಸ್ಟಕಿ, ನಿಧಾನಕ್ಕಾದ್ರೂ ಓಡ್ತೀಯೇನೋ?" ಎಂದು ಕೇಳಿದ. ಮರ್ಲ್ ಒಲ್ಲೆ ಎನ್ನಬೇಕಿತ್ತು. ಆಟದ ಹುಚ್ಚು, ಒಪ್ಪಿಕೊಂಡ.

ಗಾಂಟ್ಸ್ ಆ ವರ್ಷ ಒಂದು ಪದ್ಧತಿ ಹಾಕಿದ. ದಂಡಿಗೆ ಹೋದವರ ನಂಬರಿನ ಅಂಗಿಗಳನ್ನು ಉಳಿದವರು ತೊಡಬೇಕು. ಪಂದ್ಯಕ್ಕೆ ಮುಂಚೆ ಅವನು ಹೋದವರ ಹೆಸರು ಕೂಗಿದಾಗ ಆ ಅಂಗಿ ತೊಟ್ಟವನು "ಇದ್ದೀನಿ" ಎನ್ನಬೇಕು. ಹಿಂದಿನ ವರ್ಷ ವೆಂಡೆಲ್ ತೊಟ್ಟು ಆಡಿದ್ದ ಇಪ್ಪತ್ತೇಳನೇ ನಂಬರಿನ ಅಂಗಿ ಮರ್ಲ್‌ಗೆ ಬಂತು. ಹೆಸರು ಕೂಗುವಾಗ ವೆಂಡೆಲ್‌ನ ತಾಯಿ ಹ್ಯಾಟಿ ಕೋಲ್ಬ್ ಮೊದಲ ಸಾಲಿನಲ್ಲಿ ನೆಟ್ಟಗೆ ಕೂತಿರುತ್ತಿದ್ದಳು. ಎರಡನೇ ಶನಿವಾರ ಅವಳು ಬೂದು ಉಣ್ಣೆಯ ಮಂಡಿಪಟ್ಟಿಯೊಂದನ್ನು ಹೆಣೆದು ತಂದಳು.

"ಬಲಗಾಲಿಗೆ ಹಾಕ್ಕೋ ಮಗಾ. ನೋವಿದ್ರೂ ಆಡ್ತೀಯಲ್ಲ."

ಮರ್ಲ್‌ನ ಕಿವಿ ಕಾದ ಹಂಚಾಯಿತು. ಹಾಕಿಕೊಂಡ. ಬೇಕಂತಲೇ ಸ್ವಲ್ಪ ಕುಂಟಿದ ಕೂಡ. ಆದರೆ ಚೆಂಡು ಕೈಗೆ ಬಂದರೆ ಕುಂಟುವುದು ಮರೆತು ಕುದುರೆಯ ಹಾಗೆ ಓಡುತ್ತಿದ್ದ. ಎದುರಾಳಿ ಊರಿನವರು ಬಿಡುತ್ತಾರೆಯೇ?

"ಏ ಇಪ್ಪತ್ತೇಳು! ಚೆಂಡು ಹೊರೋಕ್ ಕಾಲಿದೆ, ಬಂದೂಕು ಹೊರೋಕಿಲ್ವಾ?"

ಹ್ಯಾಟಿ ಎದ್ದು ನಿಂತು ಅವರ ಮೇಲೆ ಹರಿಹಾಯ್ದಳು: "ಬಾಯ್ ಮುಚ್ರೋ! ಅವ್ನ ಕಾಲಿನ ಸಂಗತಿ ಅವ್ನಿಗೆ ಗೊತ್ತು!" ಆ ಕೂಗಾಟಕ್ಕಿಂತ ಅವಳ ಮಾತೇ ಮರ್ಲ್‌ನನ್ನು ಹೆಚ್ಚು ಸುಟ್ಟಿತು. ಹೇಳಿಬಿಡೋಣ ಎಂದು ಪ್ರತಿ ಶನಿವಾರ ಅವಳ ಹತ್ತಿರ ಹೋಗುತ್ತಿದ್ದ, ಹವಾಮಾನದ ಮಾತಾಡಿ ಬರುತ್ತಿದ್ದ.

ನವೆಂಬರಿನ ಕೊನೆಯ ಪಂದ್ಯಕ್ಕೆ ಎರಡು ದಿನ ಮುಂಚೆ ತಂತಿ ಬಂತು. ವೆಂಡೆಲ್ ಇಟಲಿಯ ಒಂದು ನದಿಯ ದಂಡೆಯಲ್ಲಿ ಸತ್ತಿದ್ದ. ಹೆಸರು ಬಿಟ್ಟುಬಿಡಲೇ ಎಂದು ಗಾಂಟ್ಸ್ ಮನೆಗೇ ಹೋಗಿ ಕೇಳಿದ. "ಕೂಗಿ," ಎಂದಳು ಹ್ಯಾಟಿ.

ಶನಿವಾರ ಮರ್ಲ್ ಏನು ಹಾಕಿಕೊಳ್ಳುತ್ತಿದ್ದೇನೆ ಎಂಬ ಗಮನವಿಲ್ಲದೆ ಅಂಗಿ, ಪಟ್ಟಿ, ಬೂಟು ಏರಿಸಿಕೊಂಡು ಬಂದ. "ವೆಂಡೆಲ್ ಕೋಲ್ಬ್!" ಎಂದು ಗಾಂಟ್ಸ್ ಕೂಗಿದ.

"ಇದ್ದೀನಿ," ಎಂದ ಮರ್ಲ್. ಆ ಮಾತು ಆಡಿದ ಬಾಯಿ ತನ್ನದಲ್ಲ, ಕದ್ದದ್ದು ಎನ್ನಿಸಿತು ಅವನಿಗೆ.

ಪಂದ್ಯ ಸೋತರು. ಜನ ಚದುರಿದ ಮೇಲೆ ಹ್ಯಾಟಿ ಕಪ್ಪು ಕೋಟಿನಲ್ಲಿ ಬೇಲಿಯ ಬಳಿ ಬಂದು ಅವನ ಕಾಲನ್ನೇ ನೋಡಿದಳು. ಉಣ್ಣೆ ಪಟ್ಟಿ ಎಡಮಂಡಿಗಿತ್ತು.

"ಯಾವ ಕಾಲಪ್ಪಾ ನೋಯೋದು?"

ಮರ್ಲ್ ಬಗ್ಗಿ ನೋಡಿದ. ಸುಳ್ಳು ಹೇಳಲು ಇನ್ನೂ ಜಾಗವಿತ್ತು. ಈಗ ಎರಡೂ ನೋಯುತ್ತಿವೆ ಎನ್ನಬಹುದಿತ್ತು.

"ಯಾವ್ದೂ ನೋಯಲ್ಲ, ಮಿಸೆಸ್ ಕೋಲ್ಬ್. ಡಾಕ್ಟ್ರ ಮುಂದೆ ನಿಂತಾಗ್ಲೂ ನೋಯ್ತಿರ್ಲಿಲ್ಲ."

"ಗೊತ್ತು. ವೆಂಡೆಲ್ ಮಾರ್ಚಿನಲ್ಲೇ ಬರೆದಿದ್ದ. ಬೇಲಿ ಹಾರಿದ್ದು ನೆನೆಸ್ಕೊಂಡು ನಗು ಬರುತ್ತೆ ಅಂತ. ಯಾರ್ಗೂ ಹೇಳ್ಬೇಡಮ್ಮ, ಅವ್ನೇ ಹೇಳ್ತಾನೆ ಅಂತ."

"ಮತ್ತೆ ಪಟ್ಟಿ ಯಾಕೆ ಹೆಣೆದ್ರಿ?"

"ಅದನ್ನ್ ಕಾಲಿಗೇರಿಸೋವಾಗಾದ್ರೂ ಹೇಳ್ತೀಯೇನೋ ಅಂತ." ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಇದ್ದಿದ್ದರೆ ಅವನಿಗೆ ಹಗುರಾಗುತ್ತಿತ್ತು. "ನನ್ ಮಗನ್ ಹೆಸ್ರಿಗೆ ಎಂಟು ಸಲ ಇದ್ದೀನಿ ಅಂದ್ಯಲ್ಲ ಮರ್ಲ್, ನಿನ್ ಹೆಸ್ರಿಗೆ ಯಾವಾಗ ಅಂತೀಯ?"

ಸೋಮವಾರ ಅವನು ಮಂಡಳಿಗೆ ಹೋದ. ಡಾಕ್ಟರ್ ಪ್ರೂಯಿಟ್ ಹೇಳುವ ಮೊದಲೇ ಪೂರ್ತಿ ಕುಕ್ಕರು ಕೂತ. ಅವನು ಏಳುವವರೆಗೂ ಡಾಕ್ಟರರು ಕಿಟಕಿಯಾಚೆ ನೋಡುತ್ತಿದ್ದರು. ಸೈನ್ಯ ಅವನನ್ನು ಜಾರ್ಜಿಯಾದ ಶಿಬಿರವೊಂದರ ಅಡುಗೆಮನೆಗೆ ಹಾಕಿತು. ಎರಡು ಸಲ ಕೇಳಿಕೊಂಡರೂ ಸಮುದ್ರ ದಾಟಿಸಲಿಲ್ಲ. ಯುದ್ಧ ಮುಗಿದಾಗ ಅವನ ಬೆರಳಿಗೆ ಆಲೂಗಡ್ಡೆ ಚಾಕುವಿನ ಗಾಯ ಬಿಟ್ಟರೆ ಇನ್ನೇನೂ ಆಗಿರಲಿಲ್ಲ.

ಹ್ಯಾಟಿ ಬದುಕಿರುವವರೆಗೂ ಅವಳ ಮನೆ ಮುಂದಿನ ಹಿಮವನ್ನು ಅವನೇ ಗೋರಿದ. ಹೋಗುವಾಗ ಬರುವಾಗ ಬೇಲಿ ಸುತ್ತಿಕೊಂಡು ಗೇಟಿನಿಂದಲೇ ನಡೆದ.

ಎಷ್ಟೋ ವರ್ಷಗಳ ಮೇಲೆ ಒಂದು ಶರತ್ಕಾಲದಲ್ಲಿ, ಸಾಮಾನಿನ ಕೋಣೆಗೆ ಅಂಗಿ ಇಸಿದುಕೊಳ್ಳಲು ಬಂದ ಆಟಗಾರನೊಬ್ಬ ಗೋಡೆಯ ಮೇಲಿನ ಹಳೆಯ ತಂಡದ ಚಿತ್ರ ನೋಡಿ ಕೇಳಿದ:

"ನಲವತ್ಮೂರಾ! ಯುದ್ಧದಲ್ಲಿ ನೀವೇನ್ ಮಾಡಿದ್ರಿ, ಸ್ಟಕಿ?"

ಮರ್ಲ್ ಅಂಗಿಯ ಮಡಿಕೆ ಸರಿಮಾಡಿ ಅವನ ಕೈಗಿಟ್ಟ.

"ಫುಟ್‌ಬಾಲ್ ಆಡಿದೆ," ಎಂದ.